ಖೋಟಾ ನೋಟಿನ ನಷ್ಟ ಯಾರ ಪಾಲಿಗೆ?



ಹಳೆಯ ನಾಣ್ಯಗಳ ಹಿಂದೆ ಬಿದ್ದವನನ್ನು ಇಂಥ ವೇದಿಕೆಗೆ ಕರೆಯುವುದು ಅಪರೂಪ. ಕರೆದಿದ್ದೀರಿ, ಋಣಿಯಾಗಿದ್ದೇನೆ. ಈ ದತ್ತಿ ಉಪನ್ಯಾಸ ಯಾರ ಹೆಸರಿನಲ್ಲಿದೆಯೋ ಆ ಹಿರಿಯರು ಬ್ಯಾಂಕಿನ ಕ್ಯಾಷ್ ಕೌಂಟರಿನಲ್ಲಿ ಆಯುಷ್ಯ ಕಳೆದವರು. ಖೋಟಾ ನೋಟು ಅವರ ಕಣ್ಣಿಗಿಂತ ಮೊದಲು ಬೆರಳಿಗೇ ತಿಳಿಯುತ್ತಿತ್ತಂತೆ. ಅಂಥವರ ಹೆಸರಿನ ಸಭೆಯಲ್ಲಿ ನೋಟಿನ ಲಕ್ಷಣಗಳ ಪಾಠ ಮಾಡಲಾರೆ. ನೀರುಗುರುತು, ಓರೆ ಮಾಡಿದರೆ ಹಸಿರಿನಿಂದ ನೀಲಿಗೆ ತಿರುಗುವ ಭದ್ರತಾ ಎಳೆ, ಇವೆಲ್ಲ ಬ್ಯಾಂಕಿನ ಗೋಡೆಯ ಮೇಲಿನ ಚಿತ್ರಪಟದಲ್ಲೇ ಸಿಗುತ್ತವೆ. ಖೋಟಾ ತಯಾರಿಕೆ, ಚಲಾವಣೆಗಳಿಗೆ ಭಾರತೀಯ ನ್ಯಾಯ ಸಂಹಿತೆಯಲ್ಲಿ 178ರಿಂದ ಮುಂದಿನ ಕಲಮುಗಳಿವೆ.  ಪೀಠಿಕೆಗೆ ಇಷ್ಟು ಸಾಕು.

ನನ್ನ ಮೊದಲ ತಕರಾರು ಇರುವುದು ಒಂದು ಹೋಲಿಕೆಯ ಬಗ್ಗೆ. 2016–17ರಲ್ಲಿ ಬ್ಯಾಂಕುಗಳಲ್ಲಿ ಸಿಕ್ಕಿಬಿದ್ದ ಖೋಟಾ ನೋಟು 7,62,072, 2024–25ರಲ್ಲಿ 2,17,396. ಇದನ್ನು ಮುಂದಿಟ್ಟು, ನೋಟು ರದ್ದತಿಯಿಂದ ಖೋಟಾ ಹಾವಳಿ ಮೂರರಲ್ಲೊಂದು ಪಾಲಿಗೆ ಇಳಿಯಿತು ಎನ್ನುವ ಅರ್ಥಶಾಸ್ತ್ರಜ್ಞರಿದ್ದಾರೆ. ಅವರ ವಿದ್ವತ್ತಿಗೆ ನಮಸ್ಕಾರ, ಲೆಕ್ಕಕ್ಕಲ್ಲ. 2016–17ರಲ್ಲಿ ರದ್ದಾದ 500, 1000ದ ನೋಟುಗಳು ರಾಶಿರಾಶಿಯಾಗಿ ಬ್ಯಾಂಕಿನ ಯಂತ್ರಗಳ ಬಾಯಿಗೆ ಬಂದವು, 15.41 ಲಕ್ಷ ಕೋಟಿಯಲ್ಲಿ ಕೊನೆಗೆ 15.31 ಲಕ್ಷ ಕೋಟಿ ಮರಳಿತು. ಅಷ್ಟನ್ನು ಜಾಲಾಡಿದಾಗ ಸಿಕ್ಕಿದ್ದೂ ಹೆಚ್ಚು. ಆ ವರ್ಷವನ್ನೇ ಅಳತೆಗೋಲು ಮಾಡಿಕೊಂಡರೆ ಮುಂದಿನ ಯಾವ ವರ್ಷವಾದರೂ ಇಳಿಕೆಯಾಗಿಯೇ ಕಾಣುತ್ತದೆ. ಈ ಇಳಿಕೆಯ ಹೊಗಳಿಕೆಯ ನಡುವೆಯೇ 500ರ ಖೋಟಾ ನೋಟು ಒಂದೇ ವರ್ಷದಲ್ಲಿ ಶೇಕಡಾ 37ರಷ್ಟು ಏರಿ, 2024–25ರಲ್ಲಿ 1,17,722 ಸಿಕ್ಕಿತು. ಸಿಕ್ಕಿಬಿದ್ದವುಗಳ ಎಣಿಕೆ ಬೇರೆ, ಓಡಾಡುತ್ತಿರುವವುಗಳ ಎಣಿಕೆ ಬೇರೆ. ಎರಡನೆಯದನ್ನು ಅಂದಾಜು ಮಾಡಲು ಹೊರಟ ಕೋಲ್ಕತ್ತದ ಭಾರತೀಯ ಸಂಖ್ಯಾಶಾಸ್ತ್ರ ಸಂಸ್ಥೆ, ಯಾವುದೇ ಹೊತ್ತಿನಲ್ಲಿ ಚಲಾವಣೆಯಲ್ಲಿರುವ ಖೋಟಾದ ಮುಖಬೆಲೆ ಸುಮಾರು 400 ಕೋಟಿ ಎಂದಿತ್ತು.

ಸಿಕ್ಕದೆ ಉಳಿಯುವುದೇಕೆ? ತಂದೊಪ್ಪಿಸಿದವನಿಗೇ ನಷ್ಟ, ಅದಕ್ಕೆ. ಕೌಂಟರಿಗೆ ತಂದ ನೋಟು ಖೋಟಾ ಎಂದು ಕಂಡರೆ ಬ್ಯಾಂಕು ಮೊಹರು ಒತ್ತಿ ಜಪ್ತಿ ಮಾಡುತ್ತದೆ. ಹಣವೂ ಇಲ್ಲ, ನೋಟೂ ವಾಪಸ್ಸಿಲ್ಲ. ಒಂದೇ ವ್ಯವಹಾರದಲ್ಲಿ ನಾಲ್ಕರವರೆಗೆ ಸಿಕ್ಕರೆ ತಿಂಗಳ ಕೊನೆಗೆ ಪೊಲೀಸರಿಗೆ ಒಟ್ಟು ವರದಿ, ಐದಾದರೆ ಎಫ್‌ಐಆರ್. ನ್ಯಾಯವಾದ ದಾರಿಯಲ್ಲಿ ಬಂದದ್ದೆಂದು ತೋರಿಸಿಕೊಟ್ಟವನನ್ನು ಹೊಸ ಸಂಹಿತೆ ಅಪರಾಧದಿಂದ ಬಿಡಿಸುತ್ತದೆ, ನಷ್ಟದಿಂದ ಬಿಡಿಸುವುದಿಲ್ಲ. ಸಂತೆಯಲ್ಲಿ ತರಕಾರಿ ಮಾರುವಾಕೆಗೆ 500ರ ಮೇಲೆ ಅನುಮಾನ ಬಂದರೆ ಬ್ಯಾಂಕಿಗೆ ಹೋಗುತ್ತಾಳೆಯೇ? ಮುಸ್ಸಂಜೆಯ ಗದ್ದಲದಲ್ಲಿ ಇನ್ನೊಬ್ಬರಿಗೆ ದಾಟಿಸುತ್ತಾಳೆ. ನಮ್ಮ ನಿಯಮವೇ ಆಕೆಗೆ ಆ ದಾರಿ ತೋರಿಸಿದೆ.

ಹಾಗಾದರೆ ಗುರುತು ಕೊಟ್ಟು ನೋಟು ಒಪ್ಪಿಸುವ ಮುಗ್ಧರಿಗೆ, ವರ್ಷಕ್ಕೊಮ್ಮೆ ಒಂದೆರಡು ನೋಟಿಗೆ, ಅರ್ಧ ಬೆಲೆಯನ್ನಾದರೂ ಕಟ್ಟಿಕೊಡಿ ಎಂದಾಗಲೆಲ್ಲ ವಿರೋಧಿಗಳು ತುಘಲಕನನ್ನು ಎಳೆದು ತರುತ್ತಾರೆ. ಕಾರ್ನಾಡರ ನಾಟಕ ನೋಡಿದ ಕನ್ನಡಿಗರಿಗೆ ಕಥೆ ಗೊತ್ತು. 1329–30ರ ಸುಮಾರಿಗೆ ಮುಹಮ್ಮದ್ ಬಿನ್ ತುಘಲಕ್ ಬೆಳ್ಳಿ ಟಂಕದ ಬೆಲೆಗೆ ಹಿತ್ತಾಳೆ, ತಾಮ್ರದ ಟಂಕ ಹೊರಡಿಸಿದ. ಜನ ಮನೆಮನೆಯಲ್ಲಿ ಟಂಕಸಾಲೆ ಇಟ್ಟರೆಂದು ಆ ಕಾಲದ ಚರಿತ್ರೆಕಾರ ಬರನಿ ಬರೆದ. ಎರಡು ಮೂರು ವರ್ಷದಲ್ಲೇ ಸುಲ್ತಾನ ಸೋತು, ಹಿತ್ತಾಳೆ ತಂದವರಿಗೆ ಬೊಕ್ಕಸದಿಂದ ಚಿನ್ನ ಬೆಳ್ಳಿ ಕೊಟ್ಟ. ತುಘಲಕಾಬಾದಿನಲ್ಲಿ ಹಿತ್ತಾಳೆ ಗುಡ್ಡೆಯಾಯಿತು. ಪರಿಹಾರ ಕೊಟ್ಟರೆ ಬೊಕ್ಕಸ ಹೀಗೇ ಬರಿದಾಗುತ್ತದೆ ಎಂಬುದು ಅವರ ವಾದ.

ಇದು ನಾಣ್ಯ ನೋಡದವರ ವಾದ. ಮೊದಲಿಗೆ, ಬರನಿ ಸುಲ್ತಾನನ ಮೇಲೆ ಸಿಟ್ಟಿಟ್ಟುಕೊಂಡು ಬರೆದವನು. 1333ರ ಹೊತ್ತಿಗೆ ಈ ನೆಲಕ್ಕೆ ಬಂದ ಪ್ರವಾಸಿ ಇಬ್ನ್ ಬತೂತ ಈ ಪ್ರಸಂಗವನ್ನೇ ಎತ್ತುವುದಿಲ್ಲ. ಮನೆಮನೆಯ ಟಂಕಸಾಲೆ ಅತಿಶಯೋಕ್ತಿಯೆಂದೇ ನನ್ನ ಎಣಿಕೆ. ಅದಕ್ಕಿಂತ ದೊಡ್ಡ ಮಾತು ಬೇರೆಯಿದೆ. ದೆಹಲಿ, ದೌಲತಾಬಾದ್ ಮುಂತಾದ ಟಂಕಸಾಲೆಗಳ ಆ ಟಂಕಗಳಲ್ಲಿ ಬರಹ ಉಂಟು, ಸುಲ್ತಾನನಿಗೆ ವಿಧೇಯನಾದವನು ದೇವರಿಗೆ ವಿಧೇಯನಾದಂತೆ ಎಂಬ ಒಕ್ಕಣೆಯೂ ಉಂಟು. ಕಂಚುಗಾರನ ಕೈಗೆ ಎಟುಕದ ಗುಟ್ಟು ಒಂದೂ ಇಲ್ಲ. ಬರನಿಯ ಕಥನವನ್ನೇ ಹಿಡಿದರೆ, ಬೊಕ್ಕಸದವರು ಅಸಲಿ ನಕಲಿ ಬೇರ್ಪಡಿಸದೆ ಎಲ್ಲಕ್ಕೂ ಬೆಲೆ ಕೊಟ್ಟಂತಿದೆ. ಸುಲ್ತಾನನನ್ನು ಮುಳುಗಿಸಿದ್ದು ಗುರುತು ಹಿಡಿಯದ ಕೈ, ಪರಿಹಾರವಲ್ಲ. ಇಂದಿನ ಕೌಂಟರಿನಲ್ಲಿ ಗುರುತು ಹಿಡಿಯುವ ಕೆಲಸ ಮುಗಿದ ಮೇಲೆಯೇ ಪರಿಹಾರದ ಮಾತು ಬರುವುದು.

ಖೋಟಾ ಮುದ್ರಿಸಿದವನೇ ಬಂದು ಪರಿಹಾರ ಕೇಳಿದರೆ? ಬರಲಿ. ಹೆಸರು, ಖಾತೆ, ಗುರುತಿನ ಚೀಟಿ ಕೊಟ್ಟು, ವರ್ಷಕ್ಕೊಮ್ಮೆ ಒಂದೆರಡು ನೋಟಿನ ಅರ್ಧ ಬೆಲೆಗಾಗಿ ಪೊಲೀಸರ ಪಟ್ಟಿ ಸೇರುವ ಖದೀಮನನ್ನು ನಾನು ಕಂಡಿಲ್ಲ. ಖರ್ಚು ಎಷ್ಟಾದೀತು? 2024–25ರಲ್ಲಿ ಸಿಕ್ಕವೆಲ್ಲ 500ರವೇ ಎಂದು ಹಿಡಿದರೂ ಮುಖಬೆಲೆ 11 ಕೋಟಿ ಮುಟ್ಟದು. ಅರ್ಧ ಕೊಟ್ಟರೆ ಐದೂವರೆ ಕೋಟಿಯ ಒಳಗೆ. ಜನ ಧೈರ್ಯವಾಗಿ ತರತೊಡಗಿ ಇದು ಹತ್ತು ಪಟ್ಟಾಗಲಿ. ಅದೇ ವರ್ಷದ ಲೆಕ್ಕದಲ್ಲಿ ರಿಸರ್ವ್ ಬ್ಯಾಂಕು ಕೇಂದ್ರ ಸರ್ಕಾರಕ್ಕೆ ವರ್ಗಾಯಿಸಿದ ಹೆಚ್ಚುವರಿ 2,68,590 ಕೋಟಿ. ಹಣವಿಲ್ಲ ಎನ್ನುವಂತಿಲ್ಲ.

ಕೌಂಟರಿನ ಎರಡೂ ಬದಿಯ ಸಂಕಟ ಬಲ್ಲ ಆ ಹಿರಿಯರು ಇದ್ದಿದ್ದರೆ ನನ್ನ ಲೆಕ್ಕವನ್ನು ಇನ್ನಷ್ಟು ಬಿಗಿಯಾಗಿ ತಿದ್ದುತ್ತಿದ್ದರೇನೋ. ನಿಯಮ ಬದಲಾಗುವವರೆಗೆ ಸಭಿಕರಲ್ಲಿ ಒಂದು ವಿನಂತಿ: ನಿಮ್ಮ ನೋಟು ಜಪ್ತಿಯಾದರೆ ಬರಿಗೈಲಿ ಹಿಂದಿರುಗಬೇಡಿ, ರಸೀದಿ ಕೇಳಿ. ನೀವು ಸಹಿ ಹಾಕಲು ಒಪ್ಪದಿದ್ದರೂ ಬ್ಯಾಂಕು ಅದನ್ನು ಕೊಡಲೇಬೇಕೆಂದು ರಿಸರ್ವ್ ಬ್ಯಾಂಕಿನ ನಿರ್ದೇಶನವಿದೆ.