ಕಲ್ಲಿನ ರಥದ ಶಿಖರ

ಹಂಪಿಯ ಕಲ್ಲಿನ ರಥವನ್ನು ನಿಮಗೆ ಯಾರೂ ಪರಿಚಯಿಸಬೇಕಾಗಿಲ್ಲ. 2017ರಲ್ಲಿ ಬಂದ 50 ರೂಪಾಯಿ ನೋಟಿನ ಹಿಂಬದಿಯಲ್ಲಿ ಅದಿದೆ. ‘ಗೋಲ್ಡನ್ ಚಾರಿಯಟ್’ ರೈಲಿನ ಹೆಸರೂ ಅದರಿಂದಲೇ ಬಂದದ್ದು. ಎಲ್ಲೆಡೆ ಒಂದೇ ರೂಪ: ಮುಂದೆ ಎರಡು ಆನೆ, ಕೆತ್ತನೆಯ ಚಕ್ರಗಳು, ತಲೆ ಬೋಳು.

ಆ ಬೋಳುತನದ ಬಗ್ಗೆಯೇ ನನ್ನ ತಕರಾರು.

1856ರಲ್ಲಿ ಮದ್ರಾಸ್ ಸೇನೆಯ ಅಧಿಕಾರಿ ಅಲೆಕ್ಸಾಂಡರ್ ಗ್ರೀನ್‌ಲಾ ಮೇಣ ಹಚ್ಚಿದ ಕಾಗದದ ನೆಗೆಟಿವ್‌ಗಳಲ್ಲಿ ಹಂಪಿಯನ್ನು ಸೆರೆಹಿಡಿದ. ಅವು ಬೆಳಕಿಗೆ ಬಂದದ್ದು 1980ರಲ್ಲಿ. 1983ರಲ್ಲಿ ಜಾನ್ ಗೋಲಿಂಗ್ಸ್ ಅವೇ ಜಾಗಗಳಲ್ಲಿ ನಿಂತು ಮತ್ತೆ ಫೋಟೊ ತೆಗೆದರು. ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿ. ಗ್ರೀನ್‌ಲಾ ಚಿತ್ರದಲ್ಲಿ ರಥದ ನೆತ್ತಿಯ ಮೇಲೆ ಇಟ್ಟಿಗೆಯ ಶಿಖರವಿದೆ! ವಿಠ್ಠಲನಿಗೆ ಎದುರಾದ ಗರುಡನ ಗುಡಿ ಅದು. ಗುಡಿ ಎಂದಮೇಲೆ ಶಿಖರ ಇರಲೇಬೇಕಲ್ಲ.

ಹೈಸ್ಕೂಲಿನಲ್ಲಿ ನಮ್ಮನ್ನು ಹಂಪಿಗೆ ಕರೆದೊಯ್ದ ಮೇಷ್ಟ್ರು, ‘ಕಲ್ಲು ನೋಡಿದ್ದು ಸಾಕ್ರೋ, ಇಟ್ಟಿಗಿ ಗಾರಿ ನೋಡ್ರಿ’ ಎನ್ನುತ್ತಿದ್ದರು. ವಿಜಯನಗರದವರು ಕೆಳಗೆ ಕಲ್ಲು ಕಟ್ಟಿ, ಮೇಲಿನ ಗೋಪುರ ಶಿಖರಗಳನ್ನು ಇಟ್ಟಿಗೆ ಗಾರೆಯಲ್ಲಿ ಎತ್ತುತ್ತಿದ್ದರು ಎಂಬುದನ್ನು ನಾನು ಕಲಿತದ್ದು ಅವರಿಂದ. ಪಾಳುಗೋಡೆಯಿಂದ ಉದುರಿದ ಗಾರೆಯನ್ನು ಅಂಗೈಯಲ್ಲಿಟ್ಟು ತೋರಿಸುವಾಗ ಅವರ ದನಿ ತಗ್ಗುತ್ತಿತ್ತು. ಗ್ರೀನ್‌ಲಾ ಚಿತ್ರವನ್ನು ಅವರು ನೋಡಬೇಕಿತ್ತು.

ರಕ್ಕಸತಂಗಡಿ ಕಾಳಗ 1565ರದು. ಅದಾಗಿ 291 ವರ್ಷ ಕಳೆದ ಮೇಲೂ ಆ ಶಿಖರ ನಿಂತಿತ್ತು. ಬೋಳು ರಥದ ಮುಂದೆ ನಿಂತು ‘ಎಲ್ಲಾ ಹಾಳು ಮಾಡಿ ಹೋದರು’ ಎಂದು ನಿಟ್ಟುಸಿರು ಬಿಡುತ್ತೇವಲ್ಲ, ಆ ದುಃಖಕ್ಕೆ ಬೇರೆ ಆಧಾರಗಳು ಬೇಕಾದಷ್ಟಿವೆ. ಈ ತಲೆ ಮಾತ್ರ ಅದಕ್ಕೆ ಸಾಕ್ಷಿಯಲ್ಲ. ನಮ್ಮ ನೆನಪಿಗೆ ಸಾಕ್ಷಿ ನುಡಿಯುತ್ತಿರುವುದು ಶಿಖರ ಹೋದ ಮೇಲಿನ ಫೋಟೊಗಳು. ಗ್ರೀನ್‌ಲಾ ಚಿತ್ರವನ್ನು ರಥದ ಪಕ್ಕದಲ್ಲೇ ದೊಡ್ಡದಾಗಿ ನಿಲ್ಲಿಸಬೇಕು, ಪಠ್ಯಪುಸ್ತಕದಲ್ಲೂ ಅಚ್ಚು ಹಾಕಬೇಕು ಎಂಬುದು ನನ್ನ ಒತ್ತಾಯ.

ಹಾಗಾದರೆ ಶಿಖರವನ್ನು ಮತ್ತೆ ಕಟ್ಟೋಣವೇ? ಆ ಮಾತಿಗೆ ನನ್ನ ಮನಸ್ಸು ಒಪ್ಪುವುದಿಲ್ಲ. ಮುಂದಿರುವ ಆನೆಗಳೂ ಆಮೇಲೆ ತಂದಿಟ್ಟವು. ಮೊದಲಿದ್ದ ಕುದುರೆಗಳ ಕಾಲು, ಬಾಲ ಅವುಗಳ ಹಿಂದೆ ಇನ್ನೂ ಕಾಣುತ್ತವೆ. ಆನೆಗಳನ್ನೂ ತೆಗೆಯಬೇಕೇ? ನಾಲ್ಕಾರು ತಲೆಮಾರು ಪ್ರೀತಿಯಿಂದ ನೋಡಿದ ರೂಪಕ್ಕೆ ನಿಜವಾಗುವ ಹಕ್ಕಿಲ್ಲವೇ? ಇದ್ದರೆ, 1856ರ ಚಿತ್ರ ಕಂಡಾಗಲೆಲ್ಲ ನನಗೇಕೆ ಯಾರೋ ನಮ್ಮ ಕೈಯಿಂದ ಏನನ್ನೋ ಕಿತ್ತುಕೊಂಡರು ಅನ್ನಿಸಬೇಕು?