ಯುದ್ಧೋತ್ತರ ಜಪಾನಿನ ಆಟಿಕೆಗಳೂ ಪಿಂಗಾಣಿ ಬೊಂಬೆಗಳೂ

(ಸಂಘದ ರಾಜ್ಯೋತ್ಸವ ಸಮಾರಂಭದಲ್ಲಿ ಮಾಡಿದ ಭಾಷಣ)



ರಾಜ್ಯೋತ್ಸವದ ವೇದಿಕೆಯ ಮೇಲೆ ಜಪಾನಿನ ಆಟದ ಸಾಮಾನುಗಳ ಮಾತೇಕೆ ಎಂದು ತಮ್ಮಲ್ಲಿ ಕೆಲವರಿಗಾದರೂ ಅನ್ನಿಸಿರಬಹುದು. ಹವ್ಯಾಸಗಳ ವಿಷಯವಾಗಿ ನಾಲ್ಕು ಮಾತು ಹೇಳಬೇಕೆಂದು ಕಾರ್ಯದರ್ಶಿಗಳು ಅಪ್ಪಣೆ ಮಾಡಿದರು. ನಾವು ಬಲ್ಲ ಹವ್ಯಾಸ ಇದೊಂದೇ ಆದುದರಿಂದ ಇದನ್ನೇ ಆರಿಸಿಕೊಂಡೆವು. ನಾಣ್ಯಗಳನ್ನೂ ಅಂಚೆಚೀಟಿಗಳನ್ನೂ ಕೂಡಿಸುವವರು ನಮ್ಮಲ್ಲಿ ಅನೇಕರಿದ್ದಾರೆ. ಎರಡನೆಯ ಮಹಾಯುದ್ಧದ ತರುವಾಯ ಜಪಾನು ಹೊರದೇಶಗಳಿಗೆ ಕಳುಹಿಸಿದ ತಗಡಿನ ಆಟಿಕೆಗಳನ್ನೂ ಪಿಂಗಾಣಿ ಬೊಂಬೆಗಳನ್ನೂ ಕೂಡಿಸುವವರು ಮಾತ್ರ ವಿರಳ. ಅಮೆರಿಕದಲ್ಲಿಯೂ ಜಪಾನಿನಲ್ಲಿಯೂ ಇಂಥವರು ಬಹಳ ಮಂದಿ ಇದ್ದಾರೆ. ಯೊಕೊಹಾಮಾ ನಗರದಲ್ಲಿ ತೆರುಹಿಸಾ ಕಿತಹಾರಾ ಎಂಬವರು 1986ರಲ್ಲಿ ತಗಡಿನ ಆಟಿಕೆಗಳಿಗೆಂದೇ ಒಂದು ವಸ್ತುಸಂಗ್ರಹಾಲಯವನ್ನು ತೆರೆದರು.

ಇವುಗಳಲ್ಲಿ ಕೂಡಿಸುವಂಥ ಹೆಚ್ಚಳವೇನಿದೆ? ಬೆಲೆಯ ದೃಷ್ಟಿಯಿಂದ ನೋಡಿದರೆ ಅಂದು ಏನೂ ಇರಲಿಲ್ಲ. ಅಮೆರಿಕದ ಅಗ್ಗದ ಅಂಗಡಿಗಳಲ್ಲಿ ಕೆಲವೇ ಸೆಂಟುಗಳಿಗೆ ಮಾರುತ್ತಿದ್ದ ಸರಕು ಇದು. ‘ಜಪಾನ್ ಮಾಲು’ ಎಂದರೆ ಇಂದು ಕೊಂಡು ನಾಳೆ ಮುರಿಯುವ ವಸ್ತು ಎಂದೇ ನಮ್ಮ ಹಿರಿಯರೂ ಆಡಿಕೊಳ್ಳುತ್ತಿದ್ದರು. ಆದರೆ ಸೋತು ಸುಣ್ಣವಾದ ಒಂದು ದೇಶವು ಹಸಿವಿನಿಂದ ಮೇಲೆದ್ದು ಬಂದ ಲೆಕ್ಕಾಚಾರವೆಲ್ಲ ಈ ಅಗ್ಗದ ಸಾಮಾನುಗಳ ಬುಡದಲ್ಲಿ ಬರೆದಿದೆ. ಅದನ್ನು ಓದುವುದೇ ಈ ಹವ್ಯಾಸದ ಸಾರ.

1945ರ ಆಗಸ್ಟಿನಲ್ಲಿ ಜಪಾನು ಶರಣಾದಾಗ ಅದರ ದೊಡ್ಡ ಪಟ್ಟಣಗಳು ಬಹುಮಟ್ಟಿಗೆ ಸುಟ್ಟುಹೋಗಿದ್ದುವು. ಅದೇ ವರ್ಷದ ಡಿಸೆಂಬರಿನಲ್ಲಿ ಕ್ಯೋಟೊ ನಗರದ ಮಾರುಬುತ್ಸು ಎಂಬ ದೊಡ್ಡ ಮಳಿಗೆಯಲ್ಲಿ ಒಂದು ಪುಟ್ಟ ತಗಡಿನ ಜೀಪು ಮಾರಾಟಕ್ಕೆ ಬಂದಿತು. ಬೆಲೆ 10 ಯೆನ್. ಮಾಡಿದವರು ಬಿವಾ ಸರೋವರದ ದಂಡೆಯ ಓತ್ಸು ಪಟ್ಟಣದಲ್ಲಿ ನೆಲಸಿದ್ದ ಮತ್ಸುಜೊ ಕೊಸುಗೆ ಎಂಬ ಆಟಿಕೆಯ ಕುಶಲಿ. ಹೊಸ ತಗಡು ಎಲ್ಲಿಂದ ಬರಬೇಕು? ಅಮೆರಿಕದ ಸೈನಿಕರು ತಿಂದು ಬಿಸುಟ ಆಹಾರದ ಡಬ್ಬಿಗಳೇ ಅದರ ತಗಡು. ಅವುಗಳನ್ನು ತೊಳೆದು, ಬಿಡಿಸಿ, ಚಪ್ಪಟೆ ಮಾಡಿ, ಕತ್ತರಿಸಿ, ಬೀದಿಯಲ್ಲಿ ದಿನವೂ ಓಡಾಡುತ್ತಿದ್ದ ಸೈನಿಕರ ಜೀಪನ್ನೇ ಮಾದರಿಯಾಗಿಟ್ಟುಕೊಂಡು ಅವರು ಆಟಿಕೆ ಮಾಡಿದರು. ಗೆದ್ದವರ ಎಂಜಲು ಡಬ್ಬಿಯಿಂದ ಸೋತವರ ಮಕ್ಕಳಿಗೆ ಆಟಿಕೆ ಸಿದ್ಧವಾಯಿತು. ಜನ ಮುಗಿಬಿದ್ದು ಕೊಂಡರು.

1947ರ ಆಗಸ್ಟಿನಲ್ಲಿ ಜಪಾನಿನ ಖಾಸಗಿ ವಿದೇಶ ವ್ಯಾಪಾರಕ್ಕೆ ಮತ್ತೆ ಅನುಮತಿ ದೊರೆಯಿತು. ಧಾನ್ಯವನ್ನೂ ಹತ್ತಿಯನ್ನೂ ಹೊರಗಿನಿಂದ ತರಿಸಬೇಕು. ತರಿಸಲು ಡಾಲರು ಬೇಕು. ಡಾಲರಿಗೆ ಮಾರಲು ಸರಕು ಬೇಕು. ಆಟಿಕೆ, ಪಿಂಗಾಣಿಗಳಿಗೆ ಬೇಕಾದ ಲೋಹವೂ ಯಂತ್ರವೂ ಸ್ವಲ್ಪ, ಬೇಕಾದ ಕೈಗಳು ಬಹಳ. ಕೈಗಳಿಗೇನೂ ಕೊರತೆ ಇರಲಿಲ್ಲ. ಚಿಕ್ಕ ಕಾರ್ಖಾನೆಗಳಲ್ಲದೆ ಮನೆಮನೆಗಳಲ್ಲಿ ಹೆಂಗಸರೂ ಕೂತು ಬಿಡಿ ಕೆಲಸದ ಕೂಲಿಗೆ ಬಣ್ಣ ಹಚ್ಚುತ್ತಿದ್ದರು, ಭಾಗಗಳನ್ನು ಜೋಡಿಸುತ್ತಿದ್ದರು. ಅವರ ಹೆಸರು ಯಾವ ಸಾಮಾನಿನ ಮೇಲೂ ಇಲ್ಲ.

ಇದ್ದ ಹೆಸರು ಬೇರೆ. ರಫ್ತಾಗುವ ಸರಕಿನ ಮೇಲೆ ‘ಮೇಡ್ ಇನ್ ಆಕ್ಯುಪೈಡ್ ಜಪಾನ್’, ಎಂದರೆ ಪರರ ಸೇನೆಯ ವಶದಲ್ಲಿರುವ ಜಪಾನಿನಲ್ಲಿ ತಯಾರಾದದ್ದು, ಎಂದು ಮೊಹರು ಹಾಕಬೇಕೆಂಬ ಆಜ್ಞೆ 1947ರಲ್ಲಿ ಹೊರಟಿತು. ತನ್ನ ಸೋಲನ್ನು ತಾನೇ ಅಚ್ಚು ಹಾಕಿ ಕಳುಹಿಸಬೇಕಾದ ಸ್ಥಿತಿ ಅದು. 1949ರ ಕೊನೆಯಲ್ಲಿ ಈ ನಿರ್ಬಂಧ ಸಡಿಲವಾಯಿತು. 1952ರ ಏಪ್ರಿಲ್ 28ರಂದು ಸೇನಾಡಳಿತವೇ ಕೊನೆಗೊಂಡಿತು. ಆದುದರಿಂದ ಆ ಮೊಹರುಳ್ಳ ವಸ್ತು ಸುಮಾರು ಐದು ವರ್ಷಗಳ ಅವಧಿಯದೆಂದು ಒಡನೆಯೇ ಹೇಳಬಹುದು. ಅಮೆರಿಕದ ಸುಂಕದ ಕಾನೂನಿನಿಂದಾಗಿ 1891ರಿಂದ ಬಂದ ಸರಕಿನ ಮೇಲೆ ‘ನಿಪ್ಪೋನ್’ ಎಂದಿರುತ್ತಿತ್ತು. ಅದು ಜಪಾನೀ ಭಾಷೆಯ ಶಬ್ದ, ಇಂಗ್ಲಿಷಿನಲ್ಲಿ ‘ಜಪಾನ್’ ಎಂದೇ ಇರಬೇಕೆಂದು 1921ರಲ್ಲಿ ತೀರ್ಮಾನವಾಯಿತು. ಹೀಗೆ ಒಂದು ಶಬ್ದದಿಂದ ವಸ್ತುವಿನ ಕಾಲವನ್ನು ಕಂಡುಕೊಳ್ಳಬಹುದು.

ಪಿಂಗಾಣಿ ಬೊಂಬೆಗಳ ಮುಖ್ಯ ತವರು ನಾಗೋಯಾದ ಬಳಿಯ ಸೆತೊ ಪಟ್ಟಣ. ಜಪಾನಿನಲ್ಲಿ ಪಿಂಗಾಣಿ ಸಾಮಾನಿಗೆ ‘ಸೆತೊಮೊನೊ’ ಎಂಬ ಹೆಸರೇ ಆ ಊರಿನಿಂದ ಬಂದದ್ದು. ನುಣುಪಾದ ಮಣ್ಣನ್ನು ನೀರಿನಲ್ಲಿ ಕದಡಿ ಗಾರೆಯ ಅಚ್ಚಿಗೆ ಹೊಯ್ಯುತ್ತಾರೆ. ಅಚ್ಚು ನೀರನ್ನು ಹೀರಿಕೊಂಡು ಒಳಮೈಗೆ ತೆಳುವಾದ ಮಣ್ಣಿನ ಪದರ ಅಂಟುತ್ತದೆ. ಉಳಿದುದನ್ನು ಚೆಲ್ಲಿ, ಒಣಗಿಸಿ, ಸುಟ್ಟು, ಬಣ್ಣ ಬರೆಯುತ್ತಾರೆ. ಬೊಂಬೆಯ ಲಂಗಕ್ಕೆ ನಿಜವಾದ ನೂಲಿನ ಲೇಸನ್ನೇ ಮಣ್ಣಿನ ನೀರಿನಲ್ಲಿ ಅದ್ದಿ ಸುತ್ತುವುದೂ ಉಂಟು. ಆವಿಗೆಯಲ್ಲಿ ನೂಲು ಉರಿದುಹೋಗಿ, ಅದರ ಹೆಣಿಗೆ ಪಿಂಗಾಣಿಯಾಗಿ ನಿಲ್ಲುತ್ತದೆ. ಯುರೋಪಿನ ರಾಜದರ್ಬಾರಿನ ಮಹಿಳೆಯರು, ಕುರಿಕಾಯುವ ಹುಡುಗರು, ಉಪ್ಪು ಮೆಣಸಿನ ಜೋಡಿ ಕುಪ್ಪಿಗಳು, ಎಲ್ಲವೂ ಕೊಳ್ಳುವವರ ಅಭಿರುಚಿಗೆ ತಕ್ಕಂತೆ. ಯುರೋಪನ್ನು ಕಣ್ಣಾರೆ ಕಂಡವರು ಆ ಕೆಲಸಗಾರರಲ್ಲಿ ಎಷ್ಟು ಮಂದಿ ಇದ್ದಾರು?

ಇಲ್ಲಿ ಒಂದು ಸಂಗತಿಯನ್ನು ಹೇಳಲೇಬೇಕು. 1904ರಲ್ಲಿ ಸ್ಥಾಪಿತವಾದ ನೊರಿತಾಕೆ ಸಂಸ್ಥೆಯವರು ಯುದ್ಧಾನಂತರ ತಮ್ಮ ಪಿಂಗಾಣಿ ಹಿಂದಿನ ಮಟ್ಟಕ್ಕೆ ಬಂದಿಲ್ಲವೆಂದು 1946ರಿಂದ 1948ರವರೆಗೆ ತಮ್ಮ ಹೆಸರನ್ನು ಹಾಕದೆ ‘ರೋಜ್ ಚೈನಾ’ ಎಂಬ ಗುರುತಿನಲ್ಲಿ ಮಾರಿದರು. ಹೊಟ್ಟೆಗಿಲ್ಲದ ಕಾಲದಲ್ಲಿಯೂ ಹೆಸರನ್ನು ಕಾಪಾಡಿಕೊಂಡ ಈ ಎಚ್ಚರವೇ ಮುಂದೆ ‘ಜಪಾನ್ ಮಾಲು’ ಎಂಬ ಮಾತಿನ ಅರ್ಥವನ್ನು ತಿರುಗಿಸಿತೆಂದು ನಮ್ಮ ಭಾವನೆ.

ತಗಡಿನ ಆಟಿಕೆಗಳೂ ಹಾಗೆಯೇ ಬೆಳೆದುವು. ಮಾರುಸಾನ್ ಸಂಸ್ಥೆಯ ಕ್ಯಾಡಿಲಾಕ್ ಕಾರು ಇಂದಿಗೂ ಸಂಗ್ರಾಹಕರ ಕಣ್ಮಣಿ. 1955ರಲ್ಲಿ ಮಸುದಾಯಾ ಸಂಸ್ಥೆಯವರು ರೇಡಿಯೋ ಅಲೆಗಳಿಂದ ನಡೆಯುವ ಬಸ್ಸನ್ನು ತಂದರು. 1956ರಲ್ಲಿ ‘ಫರ್ಬಿಡನ್ ಪ್ಲಾನೆಟ್’ ಎಂಬ ಅಮೆರಿಕದ ಚಲನಚಿತ್ರ ಬಂದ ಮೇಲೆ ಅದರಲ್ಲಿನ ಯಂತ್ರಮಾನವನನ್ನು ಹೋಲುವ ಆಟಿಕೆಯನ್ನು ನೊಮುರಾ ಸಂಸ್ಥೆಯವರು ಮಾಡಿದರು. ಪೂರ್ತಿ ಹೆಸರಿಗೆ ಬದಲು ಅಕ್ಷರಗಳ ಗುರುತು ಹಾಕುವುದು ವಾಡಿಕೆಯಾಗಿತ್ತು: ‘ಟಿ.ಎನ್.’ ಎಂದರೆ ನೊಮುರಾ, ‘ಎಸ್.ಎಚ್.’ ಎಂದರೆ ಹೊರಿಕಾವಾ, ‘ಟಿ.ಎಮ್.’ ಎಂದರೆ ಮಸುದಾಯಾ.

ಇನ್ನು ಕನ್ನಡಿಗರಾದ ನಮಗೆ ಹತ್ತಿರದ ಮಾತು. ಯುದ್ಧಕಾಲದಲ್ಲಿ ಟೋಕಿಯೋದ ಉಯೆನೊ ಮೃಗಾಲಯದ ಆನೆಗಳನ್ನು ಸರ್ಕಾರದ ಆಜ್ಞೆಯಂತೆ ಉಪವಾಸ ಕೆಡವಿ ಸಾಯಿಸಿದ್ದರು. ಅನ್ಯರ ಮಕ್ಕಳಿಗಾಗಿ ಹಡಗುಗಟ್ಟಲೆ ಆಟಿಕೆಗಳು ತಯಾರಾಗುತ್ತಿದ್ದ ಆ ನಗರದ ಮಕ್ಕಳು ತಮಗೊಂದು ಆನೆ ಬೇಕೆಂದು ಪಂಡಿತ ನೆಹರೂ ಅವರಿಗೆ ಪತ್ರ ಬರೆದರು. 1949ರ ಸೆಪ್ಟೆಂಬರಿನಲ್ಲಿ ‘ಇಂದಿರಾ’ ಎಂಬ ಆನೆ ಟೋಕಿಯೋ ತಲಪಿತು. ಅದು ಮೈಸೂರು ಸೀಮೆಯ ಆನೆ. ಅದಕ್ಕೆ ತಿಳಿಯುತ್ತಿದ್ದುದು ಕನ್ನಡ. ಜೊತೆಯಲ್ಲಿ ಹೋಗಿದ್ದ ಮಾವುತರಿಂದ ಅಲ್ಲಿನ ಪಾಲಕರು ಆ ಮಾತುಗಳನ್ನು ಕಲಿಯಬೇಕಾಯಿತು. ಸೋತ ಜಪಾನಿನಲ್ಲಿ ಮಕ್ಕಳ ಸಂತೋಷಕ್ಕಾಗಿ ಕನ್ನಡ ನುಡಿದದ್ದು ಈ ದಿನ ನೆನೆಯತಕ್ಕ ವಿಷಯ. 1952ರ ಜೂನ್ 9ರಂದು ಭಾರತವು ಜಪಾನಿನೊಡನೆ ಪ್ರತ್ಯೇಕ ಶಾಂತಿ ಒಪ್ಪಂದ ಮಾಡಿಕೊಂಡು, ಯುದ್ಧ ಪರಿಹಾರವನ್ನು ಕೇಳದೆ ಬಿಟ್ಟುಕೊಟ್ಟಿತು.

ಕೂಡಿಸಬೇಕೆನ್ನುವವರಿಗೆ ಎರಡು ಮೂರು ಸೂಚನೆಗಳು. ಹಳೆಯ ಮೊಹರಿನ ನಕಲಿಗಳು ಪೇಟೆಯಲ್ಲಿವೆ. ನಿಜವಾದ ಮೊಹರು ಸಾಮಾನ್ಯವಾಗಿ ಮೆರುಗಿನ ಕೆಳಗಿರುತ್ತದೆ. ನಕಲಿಯದು ಮೇಲಿದ್ದು, ಉಗುರುಬಣ್ಣ ತೆಗೆಯುವ ದ್ರವದಿಂದ ಒರಸಿದರೆ ಎಷ್ಟೋ ವೇಳೆ ಅಳಿಸಿಹೋಗುತ್ತದೆ. ತಗಡಿನ ಆಟಿಕೆಯನ್ನು ನೀರಿನಲ್ಲಿ ತೊಳೆಯಬಾರದು, ಒಳಗೆ ಬ್ಯಾಟರಿಯನ್ನು ಬಿಟ್ಟಿಡಬಾರದು. ಮುಂಬಯಿಯಂಥ ಊರಿನ ಮಳೆಗಾಲದಲ್ಲಿ ತುಕ್ಕಿನ ಭಯ ಹೆಚ್ಚು. ಹಳೆಯ ಬಣ್ಣದಲ್ಲಿ ಸೀಸವಿರುವ ಸಂಭವವುಂಟು. ಎಳೆಯ ಮಕ್ಕಳ ಕೈಗೆ, ಬಾಯಿಗೆ ಕೊಡಲಾಗದು. ಮೂಲದ ರಟ್ಟಿನ ಪೆಟ್ಟಿಗೆ ಇದ್ದರೆ ಎಸೆಯಬೇಡಿ.

ಕಡೆಯದಾಗಿ ಒಂದು ಅರಿಕೆ. ಊರು ಬಿಟ್ಟು ಬಂದ ನಮ್ಮ ಕುಟುಂಬಗಳು ಬಾಡಿಗೆಯ ಮನೆಯಿಂದ ಮನೆಗೆ ಹೋಗುವಾಗ ಹಳೆಯ ಸಾಮಾನು ತೂಕದ ಲೆಕ್ಕದಲ್ಲಿ ಗುಜರಿಗೆ ಸೇರುತ್ತದೆ. ಅದರಲ್ಲಿ ಅಜ್ಜಿ ದಸರೆಯ ಬೊಂಬೆ ಸಾಲಿನಲ್ಲಿ ಕೂರಿಸುತ್ತಿದ್ದ ಬೊಂಬೆಯೂ ಇರಬಹುದು, ಹಡಗಿನ ಕೆಲಸದಲ್ಲಿದ್ದ ಸೋದರಮಾವ ತಂದ ಕೀಲಿಯ ಆಟಿಕೆಯೂ ಇರಬಹುದು. ಕೊಡುವ ಮೊದಲು ಬುಡವನ್ನೊಮ್ಮೆ ತಿರುಗಿಸಿ ನೋಡಿ. ಅದನ್ನು ಯಾರು, ಎಲ್ಲಿ, ಯಾವಾಗ ಕೊಂಡರೆಂದು ಮನೆಯ ಹಿರಿಯರನ್ನು ಕೇಳಿ, ಒಂದು ಚೀಟಿಯಲ್ಲಿ ಕನ್ನಡದಲ್ಲೇ ಬರೆದು ಜೊತೆಗಿಡಿ. ವಸ್ತುವಿನ ಮೊಹರು ಅದು ಹುಟ್ಟಿದ ದೇಶವನ್ನು ಮಾತ್ರ ಹೇಳುತ್ತದೆ. ಅದು ನಮ್ಮ ಮನೆಗೆ ಬಂದ ಬಗೆಯನ್ನು ಹಿರಿಯರು ಮಾತ್ರ ಹೇಳಬಲ್ಲರು. ಅವರು ಇರುವಾಗಲೇ ಕೇಳಿಕೊಳ್ಳಬೇಕು.