ಸಿನಿಮಾದ ಪತ್ರಕರ್ತನೂ ಪತ್ರಿಕೆಯ ಯಜಮಾನನೂ

(ಮಂಗಳೂರಿನ ಪತ್ರಿಕಾ ದಿನದ ಸಭೆಯಲ್ಲಿ ಮಾಡಿದ ಭಾಷಣ)



1843ನೇ ಇಸವಿ ಜುಲೈ 1ರಂದು ಇದೇ ಊರಿನ ಕಲ್ಲಚ್ಚಿನಿಂದ ಹರ್ಮನ್ ಮೋಗ್ಲಿಂಗರ ‘ಮಂಗಳೂರ ಸಮಾಚಾರ’ ಹೊರಬಂತು. ಕನ್ನಡದ ಮೊದಲ ಪತ್ರಿಕೆ ಅದು. ಅದರ ನೆನಪಿನ ದಿನ ಅಮೆರಿಕದ ಸಿನಿಮಾದ ಮಾತೇಕೆ ಎಂದು ನೀವು ಕೇಳಬಹುದು. ಪತ್ರಿಕಾ ಕಚೇರಿಯ ಒಳಗನ್ನು ನಮ್ಮಲ್ಲಿ ಬಹುಮಂದಿ ಕಂಡಿರುವುದು ಬೆಳ್ಳಿತೆರೆಯ ಮೇಲೆಯೇ; ಅದನ್ನು ಹೆಚ್ಚಾಗಿ ತೋರಿಸಿದವರು ಹಾಲಿವುಡ್ಡಿನವರು.

ನಮ್ಮ ಯಕ್ಷಗಾನದ ಮಾತಿನಲ್ಲಿ ಹೇಳುವುದಾದರೆ, ಅಲ್ಲಿಯ ಪತ್ರಕರ್ತನಿಗೆ ಎರಡು ವೇಷ. ಒಂದು ಪುಂಡುವೇಷ. 1976ರ ‘ಆಲ್ ದಿ ಪ್ರೆಸಿಡೆಂಟ್ಸ್ ಮೆನ್’ ಚಿತ್ರದಲ್ಲಿ ಇಬ್ಬರು ಯುವ ವರದಿಗಾರರು ಮನೆಮನೆಯ ಬಾಗಿಲು ತಟ್ಟಿ ವಾಟರ್‌ಗೇಟ್ ಹಗರಣದ ಎಳೆ ಹಿಡಿಯುತ್ತಾರೆ. ಅಧ್ಯಕ್ಷ ನಿಕ್ಸನ್ 1974ರಲ್ಲಿ ಗದ್ದುಗೆ ಬಿಟ್ಟದ್ದು ಲೋಕಕ್ಕೆಲ್ಲ ತಿಳಿದ ಸಂಗತಿ.

ಇನ್ನೊಂದು ಬಣ್ಣದ ವೇಷ. ಬಿಲ್ಲಿ ವೈಲ್ಡರರ ‘ಏಸ್ ಇನ್ ದಿ ಹೋಲ್’, 1951ರದು. ಗುಹೆ ಕುಸಿದು ಒಬ್ಬನು ಒಳಗೆ ಸಿಕ್ಕಿಬಿದ್ದಿದ್ದಾನೆ. ಅವನನ್ನು ಬೇಗ ಹೊರತೆಗೆಯುವ ದಾರಿಯೂ ಇದೆ. ಆದರೆ ಸುದ್ದಿ ಹೆಚ್ಚು ದಿನ ಓಡಲೆಂದು ವರದಿಗಾರನು ಬೆಟ್ಟವನ್ನು ಮೇಲಿನಿಂದ ಕೊರೆಸುವ ನಿಧಾನದ ದಾರಿ ಹಿಡಿಸುತ್ತಾನೆ. ಹೊರಗೆ ಜಾತ್ರೆ ನೆರೆಯುತ್ತದೆ, ಒಳಗಿನವನು ಸಾಯುತ್ತಾನೆ.

ಎರಡರಲ್ಲಿಯೂ ಎಲ್ಲವೂ ವೇಷಧಾರಿಯ ಗುಣದೋಷಕ್ಕೆ ಬಂದು ನಿಲ್ಲುತ್ತದೆ. ಆದರೆ ಮೇಳದ ಯಜಮಾನರು ಯಾರು? 1952ರ ‘ಡೆಡ್‌ಲೈನ್ ಯು.ಎಸ್.ಎ.’ ಈ ಪ್ರಶ್ನೆಯಿಂದ ತಪ್ಪಿಸಿಕೊಳ್ಳಲಿಲ್ಲ. ಹಂಫ್ರಿ ಬೋಗಾರ್ಟ್ ಅದರಲ್ಲಿ ಸಂಪಾದಕ. ಒಬ್ಬ ಪಾತಕಿಯ ಗುಟ್ಟನ್ನು ಬಯಲಿಗೆಳೆಯುತ್ತಿರುವಾಗಲೇ ಸ್ಥಾಪಕನ ವಾರಸುದಾರರು ಪತ್ರಿಕೆಯನ್ನು ಎದುರಾಳಿಗೆ ಮಾರಲು ಹೊರಡುತ್ತಾರೆ. ಕೊಳ್ಳುವವನ ಉದ್ದೇಶ ಅದನ್ನು ಮುಚ್ಚುವುದು. ಕಡೆಯ ಸುದ್ದಿ ಅಚ್ಚಾಗುತ್ತದೆ, ಪತ್ರಿಕೆ ಉಳಿಯುವುದಿಲ್ಲ.

ಯಜಮಾನನು ಕೈಬಿಟ್ಟರೆ ದುಡಿಯುವವನ ಗತಿಯೇನೆಂದು ನಿಮಗೆ ಹೇಳಬೇಕಾಗಿಲ್ಲ. ಹೆಂಚಿನ ಕಾರ್ಖಾನೆಗಳು ಒಂದೊಂದಾಗಿ ಬಾಗಿಲು ಹಾಕಿದ್ದನ್ನು ಈ ಊರು ಕಂಡಿದೆ. ಪತ್ರಿಕೆಯೂ ಒಂದು ಕಾರ್ಖಾನೆ. ಅಲ್ಲಿಯೂ ಯಂತ್ರವಿದೆ, ಕೂಲಿಯಿದೆ, ಲಾಭನಷ್ಟದ ಲೆಕ್ಕವಿದೆ. ಜಾಹೀರಾತಿನ ಹಣ ನಿಂತೀತೆಂಬ ಭಯ ಹೊಕ್ಕರೆ ಎಂತಹ ಧೀರನ ಲೇಖನಿಯೂ ತಡವರಿಸುತ್ತದೆ.

ಸಿನಿಮಾದ ಧೀರನಿಗೆ ಚಪ್ಪಾಳೆ ತಟ್ಟೋಣ, ತಪ್ಪಿಲ್ಲ. ಆದರೆ ಬೆಳಗಿನ ಪತ್ರಿಕೆ ಕೈಗೆ ಬಂದಾಗ ಮುಷ್ಕರದ ಸುದ್ದಿ ಯಾವ ಮೂಲೆಯಲ್ಲಿದೆ, ಯಾರ ಮಾತು ಕೇಳಿ ಬರೆದದ್ದು ಎಂದು ನೋಡೋಣ. ಕಾರ್ಖಾನೆಯಲ್ಲಿ ಅಪಘಾತವಾಗಿ ವರದಿಗಾರನು ಬಂದರೆ ಹೆದರದೆ ಕಂಡದ್ದನ್ನು ಹೇಳೋಣ. ನಿಜ ಬರೆಯುವ ಪತ್ರಿಕೆಗೆ ಚಂದಾ ಕೊಡೋಣ. ಸಾವಿರ ಮಂದಿಯ ಚಂದಾದಿಂದ ನಡೆಯುವ ಪತ್ರಿಕೆಯನ್ನು ಎದುರಾಳಿಗೆ ಮಾರುವುದು ಅಷ್ಟು ಸುಲಭವಲ್ಲ.